ಬೆಳಕಿನ ಭಾಷೆ ಬಲ್ಲ ನಿರ್ದೇಶಕ ಬಿಮಲ್ ರಾಯ್

ಹಿಂದಿ ಚಲನಚಿತ್ರರಂಗದ ಶ್ರೇಷ್ಠ ನಿರ್ದೇಶಕರ ಸಾಲಿನಲ್ಲಿ ಬಿಮಲ್ ರಾಯ್ ಅವರದು ಅಗ್ರಗಣ್ಯ ಹೆಸರು. ಆದರೆ ಅವರು ಮೊದಲು ಛಾಯಾಗ್ರಾಹಕರಾಗಿದ್ದರೆಂಬುದು ಇಂದು ಅನೇಕರಿಗೆ ತಿಳಿದಿಲ್ಲ. ಮಾತು ಕಡಿಮೆಯಿದ್ದೂ ಮನಸ್ಸಿಗೆ ನಾಟುವ ಅವರ ಶೈಲಿಯ ಬೇರು ಆ ವೃತ್ತಿಯಲ್ಲಿಯೇ ಇದೆ.

1909ರ ಜುಲೈ 12ರಂದು ಢಾಕಾ ಜಿಲ್ಲೆಯ ಸುವಾಪುರದ ಜಮೀನ್ದಾರಿ ಮನೆತನದಲ್ಲಿ ಅವರ ಜನನವಾಯಿತು. ತಂದೆಯ ಮರಣಾನಂತರ ಆಸ್ತಿ ಕೈತಪ್ಪಿ, ಕುಟುಂಬವು ಕಲ್ಕತ್ತೆಯನ್ನು ಆಶ್ರಯಿಸಬೇಕಾಯಿತು. ಅಲ್ಲಿ ನ್ಯೂ ಥಿಯೇಟರ್ಸ್ ಸಂಸ್ಥೆಯನ್ನು ಸೇರಿದ ತರುಣ ಬಿಮಲ್, ಛಾಯಾಗ್ರಾಹಕ ಹಾಗೂ ನಿರ್ದೇಶಕ ನಿತಿನ್ ಬೋಸ್ ಅವರ ಬಳಿ ಕ್ಯಾಮರಾ ವಿದ್ಯೆಯನ್ನು ಕಲಿತರು. ಪಿ.ಸಿ. ಬರುವಾ ನಿರ್ದೇಶನದಲ್ಲಿ ಕೆ.ಎಲ್. ಸೈಗಲ್ ನಾಯಕರಾಗಿದ್ದ ಹಿಂದಿ 'ದೇವದಾಸ್' ಚಿತ್ರಕ್ಕೆ ಛಾಯಾಗ್ರಹಣ ಮಾಡಿದವರು ಇವರೇ. ಎರಡು ದಶಕಗಳ ಬಳಿಕ, 1955ರಲ್ಲಿ, ಅದೇ ಕಥೆಯನ್ನು ದಿಲೀಪ್ ಕುಮಾರ್ ಅವರೊಂದಿಗೆ ಸ್ವತಃ ನಿರ್ದೇಶಿಸಿದರು.

1944ರ ಬಂಗಾಳಿ ಚಿತ್ರ 'ಉದಯೇರ್ ಪಥೇ' ಅವರನ್ನು ನಿರ್ದೇಶಕರಾಗಿ ಪ್ರಸಿದ್ಧಿಗೆ ತಂದಿತು. ದೇಶವಿಭಜನೆಯ ನಂತರ ಕಲ್ಕತ್ತೆಯ ಚಿತ್ರೋದ್ಯಮ ಸೊರಗಿದಾಗ, ಬಾಂಬೆ ಟಾಕೀಸ್‌ಗಾಗಿ 'ಮಾ' (1952) ಚಿತ್ರ ನಿರ್ದೇಶಿಸಲು ಮುಂಬಯಿಗೆ ಬಂದರು. ಹೃಷಿಕೇಶ್ ಮುಖರ್ಜಿ, ನವೇಂದು ಘೋಷ್ ಮೊದಲಾದ ಸಂಗಡಿಗರೂ ಜೊತೆಗೂಡಿದರು. 1952ರಲ್ಲಿ ಭಾರತದ ಮೊದಲ ಅಂತಾರಾಷ್ಟ್ರೀಯ ಚಲನಚಿತ್ರೋತ್ಸವದಲ್ಲಿ ಕಂಡ ಇಟಲಿಯ 'ಬೈಸಿಕಲ್ ಥೀವ್ಸ್' ಅವರ ಮೇಲೆ ಗಾಢ ಪ್ರಭಾವ ಬೀರಿತು.

ಮರುವರ್ಷ ಬಂದ 'ದೋ ಬಿಘಾ ಜಮೀನ್' ಚಿತ್ರದ ಕಥೆ ಸಲಿಲ್ ಚೌಧರಿಯವರದು. ಸಾಲ ತೀರಿಸಿ ತುಂಡು ಭೂಮಿಯನ್ನು ಉಳಿಸಿಕೊಳ್ಳಲು ಕಲ್ಕತ್ತೆಯಲ್ಲಿ ರಿಕ್ಷಾ ಎಳೆಯುವ ರೈತನಾಗಿ ಬಲರಾಜ್ ಸಾಹ್ನಿ ನಟಿಸಿದರು. ಕೊನೆಯಲ್ಲಿ ಅವನ ನೆಲದಲ್ಲಿ ಕಾರ್ಖಾನೆ ಏಳುತ್ತಿರುತ್ತದೆ. ಅವನು ಎತ್ತಿಕೊಂಡ ಹಿಡಿಮಣ್ಣನ್ನೂ ಕಾವಲುಗಾರ ಬಿಡಿಸಿಕೊಳ್ಳುತ್ತಾನೆ. ನೆಲ ಕಳೆದುಕೊಂಡು ನಗರ ಸೇರುವ ನೋವು ನಿರ್ದೇಶಕರಿಗೂ ಬಾಲ್ಯದಿಂದಲೇ ಪರಿಚಿತವಾಗಿತ್ತು. ಈ ಚಿತ್ರಕ್ಕೆ 1954ರಲ್ಲಿ ಕಾನ್ ಚಿತ್ರೋತ್ಸವದ ಅಂತಾರಾಷ್ಟ್ರೀಯ ಪ್ರಶಸ್ತಿ ಸಂದಿತು.

ನಿರ್ದೇಶಕರಾದ ಮೇಲೆ ಅವರು ಕ್ಯಾಮರಾವನ್ನು ಕಮಲ್ ಬೋಸ್, ದಿಲೀಪ್ ಗುಪ್ತಾ ಅವರಂಥ ಸಮರ್ಥರಿಗೆ ಒಪ್ಪಿಸಿದರು. ಆದರೂ ದೃಶ್ಯವನ್ನು ಬೆಳಕಿನಲ್ಲಿ ಕಾಣುವ ಅಭ್ಯಾಸ ಅವರನ್ನು ಬಿಡಲಿಲ್ಲ. 'ಮಧುಮತಿ'ಯ (1958) ಮಂಜು ಕವಿದ ಬೆಟ್ಟಗಳು ಕಥೆಯ ಪಾತ್ರಗಳಂತೆಯೇ ಭಾಸವಾಗುತ್ತವೆ. 'ಬಂದಿನಿ'ಯಲ್ಲಿ (1963) ನಾಯಕಿ ವಿಷವಿಕ್ಕುವ ಮುನ್ನ ಅನುಭವಿಸುವ ತಳಮಳವನ್ನು ಕಬ್ಬಿಣ ಬಡಿಯುವ ಸದ್ದು ಮತ್ತು ನೂತನ್ ಅವರ ಮುಖದ ಮೇಲೆ ಮಿನುಗುವ ಬೆಳಕಷ್ಟೇ ಹೇಳುತ್ತವೆ. ಅಲ್ಲಿ ಸಂಭಾಷಣೆಯ ಅಗತ್ಯವೇ ಬೀಳುವುದಿಲ್ಲ.

ಶ್ರೇಷ್ಠ ನಿರ್ದೇಶಕರಿಗೆ ನೀಡುವ ಫಿಲ್ಮ್‌ಫೇರ್ ಪ್ರಶಸ್ತಿಯನ್ನು ಏಳು ಬಾರಿ ಪಡೆದ ಈ ಮಿತಭಾಷಿ, ಕ್ಯಾನ್ಸರ್ ವ್ಯಾಧಿಯಿಂದ 1966ರ ಜನವರಿ 8ರಂದು ಮುಂಬಯಿಯಲ್ಲಿ ನಿಧನರಾದರು. ಆಗ ಅವರಿಗೆ ಕೇವಲ 56 ವರ್ಷ. ಕುಂಭಮೇಳವನ್ನು ಕುರಿತ ಅವರ ಚಿತ್ರ ಅಪೂರ್ಣವಾಗಿಯೇ ಉಳಿಯಿತು. ಬಡವರ ಬದುಕನ್ನು ಅನುಕಂಪದ ಪ್ರದರ್ಶನವಾಗಿಸದೆ ಘನತೆಯಿಂದ ತೆರೆಗೆ ತಂದ ಈ ಕಲಾವಿದನ ಚಿತ್ರಗಳು, ನೆಲ ಬಿಟ್ಟು ನಗರಕ್ಕೆ ಬಂದವರೆಲ್ಲರ ಕಥೆಯಾಗಿ ಇಂದಿಗೂ ಜೀವಂತವಾಗಿವೆ.