ಆರು ದಿನಗಳ ಬಿಡುಗಡೆ

1917ರ ಮೂಕಿ ಕಿರುಚಿತ್ರ 'ದಿ ಬುಚರ್ ಬಾಯ್' ನೋಡುವಾಗಲೆಲ್ಲ ನನ್ನ ಕಣ್ಣು ನಿಲ್ಲುವುದು ಅಂಗಡಿಯಲ್ಲಿ ಮಾಂಸ ಕತ್ತರಿಸುವ ಆ ಸ್ಥೂಲಕಾಯನ ಕೈಚಳಕದ ಮೇಲೆ. ಕತ್ತಿಯನ್ನು ಆಟಿಕೆಯಂತೆ ಚಿಮ್ಮಿಸುತ್ತಾನೆ. ಕಾಕಂಬಿ ಕೊಳ್ಳಲು ಬಂದ ಗಿರಾಕಿಯ ಟೋಪಿಗೇ ಅದನ್ನು ಸುರಿಯುತ್ತಾನೆ. ಟೋಪಿ ತಲೆಗೆ, ಕಾಲು ನೆಲಕ್ಕೆ ಅಂಟಿಕೊಂಡ ಆ ಗಿರಾಕಿಯೇ ಬಸ್ಟರ್ ಕೀಟನ್. ಅದು ಕೀಟನ್‌ನ ಮೊದಲ ಚಿತ್ರ. ಅವನನ್ನು ಸಿನಿಮಾಕ್ಕೆ ಕರೆತಂದವನು ಈ ಸ್ಥೂಲಕಾಯ, ರಾಸ್ಕೋ ಆರ್ಬಕಲ್.

1887ರಲ್ಲಿ ಕ್ಯಾನ್ಸಸ್‌ನಲ್ಲಿ ಹುಟ್ಟಿದ ಆರ್ಬಕಲ್ ಬಾಲ್ಯದಲ್ಲೇ ರಂಗವೇರಿದ್ದ. 1913ರಲ್ಲಿ ಮ್ಯಾಕ್ ಸೆನೆಟ್‌ನ ಕೀಸ್ಟೋನ್ ಕಂಪನಿ ಸೇರಿದ ಮೇಲೆ ಜನ ಅವನನ್ನು 'ಫ್ಯಾಟಿ' ಎಂದೇ ಕರೆದರು. ಆ ಹೆಸರು ಅವನಿಗೆ ಹಿಡಿಸುತ್ತಿರಲಿಲ್ಲ. ಬಾಗಿಲಲ್ಲಿ ಸಿಕ್ಕಿಕೊಂಡು ನಗಿಸುವ ಅಗ್ಗದ ಹಾಸ್ಯವನ್ನೂ ಆತ ಒಪ್ಪಲಿಲ್ಲ. ಬೀಳುವುದು, ಉರುಳುವುದು, ಕುಣಿಯುವುದು ಎಲ್ಲದರಲ್ಲೂ ಆ ದೇಹ ಹೂವಿನಷ್ಟು ಹಗುರ.

1921ರ ಸೆಪ್ಟೆಂಬರ್‌ನಲ್ಲಿ ಸ್ಯಾನ್‌ಫ್ರಾನ್ಸಿಸ್ಕೊದ ಹೋಟೆಲೊಂದರಲ್ಲಿ ಆತ ನಡೆಸಿದ ಕೂಟದಲ್ಲಿ ಅಸ್ವಸ್ಥಳಾದ ನಟಿ ವರ್ಜೀನಿಯಾ ರಾಪ್ ನಾಲ್ಕು ದಿನಗಳ ಬಳಿಕ ತೀರಿಕೊಂಡಳು. ಆರ್ಬಕಲ್ ಬಂಧಿತನಾದ. ವಿಲಿಯಂ ರ‍್ಯಾಂಡಾಲ್ಫ್ ಹರ್ಸ್ಟ್‌ನ ಪತ್ರಿಕೆಗಳು ವಿಚಾರಣೆಗೆ ಮುನ್ನವೇ ಅವನನ್ನು ಅಪರಾಧಿಯಾಗಿಸಿ ಭರ್ಜರಿಯಾಗಿ ಮಾರಾಟವಾದವು. ಮುಂದೆ ನ್ಯಾಯಾಲಯದಲ್ಲಿ ಸತ್ತವಳ ಚಾರಿತ್ರ್ಯಕ್ಕೂ ಕೆಸರು ಬಿತ್ತು. ಆಕೆಯ ಅಕಾಲ ಮರಣದ ಬಗ್ಗೆ ಮರುಗಿದವರು ಕಡಿಮೆಯೆಂದೇ ನನಗೆ ತೋರುತ್ತದೆ.

ಎರಡು ವಿಚಾರಣೆಗಳಲ್ಲಿ ಜ್ಯೂರಿಗೆ ಒಮ್ಮತ ಸಾಧ್ಯವಾಗಲಿಲ್ಲ. ಮೂರನೆಯ ಜ್ಯೂರಿ 1922ರ ಏಪ್ರಿಲ್ 12ರಂದು ಕೆಲವೇ ನಿಮಿಷಗಳಲ್ಲಿ ಆತನನ್ನು ನಿರ್ದೋಷಿಯೆಂದಿತು. ಅಷ್ಟೇ ಅಲ್ಲ, ಅವನಿಗೆ ಭಾರೀ ಅನ್ಯಾಯವಾಗಿದೆಯೆಂದು ಬರೆದುಕೊಟ್ಟಿತು. ಇಂಥ ಬರಹ ಪಡೆದ ಆರೋಪಿಗಳು ಎಷ್ಟು ಮಂದಿ ಇದ್ದಾರು? ಆದರೆ ಏಪ್ರಿಲ್ 18ರಂದು ನಿರ್ಮಾಪಕರ ಸಂಘದ ಮುಖ್ಯಸ್ಥ ವಿಲ್ ಹೇಸ್ ಅವನ ಚಿತ್ರಗಳನ್ನು ನಿಷೇಧಿಸಿದ. ವರ್ಷಾಂತ್ಯಕ್ಕೆ ನಿಷೇಧ ತೆರವಾದರೂ ಚಿತ್ರಮಂದಿರಗಳ ಬಾಗಿಲು ತೆರೆಯಲಿಲ್ಲ. ನ್ಯಾಯಾಲಯ ಕೊಟ್ಟದ್ದನ್ನು ಉದ್ಯಮ ಕಸಿದುಕೊಂಡಿತು.

ಕೀಟನ್ ಮಾತ್ರ ಗೆಳೆಯನ ಕೈಬಿಡಲಿಲ್ಲ. ವಿಲಿಯಂ ಗುಡ್‌ರಿಚ್ ಎಂಬ ಹೆಸರಿನ ಮರೆಯಲ್ಲಿ ಆರ್ಬಕಲ್ ಬೇರೆಯವರ ಚಿತ್ರಗಳನ್ನು ನಿರ್ದೇಶಿಸಿದ. ಒಂದು ದಶಕದ ನಂತರ, 1932ರಲ್ಲಿ, ಮತ್ತೆ ಸ್ವಂತ ಹೆಸರಿನಲ್ಲಿ ಕ್ಯಾಮೆರಾ ಮುಂದೆ ನಿಂತ. ಈಗ ಮಾತೂ ಇತ್ತು. ಆರು ಕಿರುಚಿತ್ರಗಳ ಕೊನೆಯದನ್ನು ಮುಗಿಸಿದ ಬೆನ್ನಲ್ಲೇ, 1933ರ ಜೂನ್ 29ರಂದು, ನಿದ್ರೆಯಲ್ಲೇ ಅಸುನೀಗಿದ. ಆಗ ಅವನಿಗೆ 46 ವರ್ಷ.