ಹಾರ್ವೆ ಕುಶಿಂಗ್: ಮಿದುಳ ಪೊರೆಯ ಗೆಡ್ಡೆಗೆ ಹೆಸರಿಟ್ಟವನು

ಎರಡು ವರ್ಷಗಳ ಹಿಂದೆ ಕುಂಬಾರಕೊಪ್ಪಲಿನ ನಮ್ಮ ಮನೆಗೆ ಹೊಸ ಶಬ್ದವೊಂದು ಬಂದು ಸೇರಿಕೊಂಡಿತು. ದೊಡ್ಡಮ್ಮನವರ ಎಡಗಾಲು ಬಹಳ ದಿನಗಳಿಂದ ಸೋಲುತ್ತಿತ್ತು. ಒಲೆಯ ಮೇಲೆ ಹಾಲಿಟ್ಟು ಮರೆಯುತ್ತಿದ್ದರು. ನಾವು ಅದನ್ನು ವಯಸ್ಸಿನ ತಲೆಗೆ ಕಟ್ಟಿದೆವು. ನೆರೆಯವರು ತಾಯಿತ ಕಟ್ಟಿಸಿದರು. ಒಂದು ಬೆಳಗ್ಗೆ ಆ ಕಾಲು ತಾನಾಗಿಯೇ ಅದುರತೊಡಗಿ ಅವರು ಪ್ರಜ್ಞೆ ತಪ್ಪಿ ಬಿದ್ದರು. ತಲೆಯ ಚಿತ್ರ ತೆಗೆಸಿದಾಗ, ಮಿದುಳನ್ನು ಒತ್ತಿಕೊಂಡು ನಿಂಬೆಹಣ್ಣಿನ ಗಾತ್ರದ ಗೆಡ್ಡೆಯೊಂದು ಕುಳಿತಿರುವುದು ಕಂಡಿತು. ಅದರ ಹೆಸರು ಮೆನಿಂಜಿಯೋಮ. ಈ ಹೆಸರನ್ನಿಟ್ಟವನು ಯಾರೆಂದು ಹುಡುಕಹೊರಟಾಗ ನನಗೆ ದೊರೆತವನು ಹಾರ್ವೆ ಕುಶಿಂಗ್. ಇತಿಹಾಸದ ವಿದ್ಯಾರ್ಥಿಯು ವೈದ್ಯದ ಮಾತೆತ್ತುವುದು ಸಾಹಸವೇ ಸರಿ, ವಾಚಕರು ಮನ್ನಿಸಬೇಕು.

ಮಿದುಳು ತಲೆಬುರುಡೆಯೊಳಗೆ ಬರಿಮೈಯಲ್ಲಿಲ್ಲ. ತೆಂಗಿನ ಚಿಪ್ಪಿಗೂ ಕಾಯಿಗೂ ನಡುವೆ ಕಂದು ಸಿಪ್ಪೆಯಿರುವಂತೆ, ಬುರುಡೆಗೂ ಮಿದುಳಿಗೂ ನಡುವೆ ಮೂರು ಪೊರೆಗಳಿವೆ. ಹೊರಗಿನದು ದಪ್ಪ, ನಡುವಿನದು ಜೇಡರ ಬಲೆಯಂತೆ ನವುರು, ಒಳಗಿನದು ಮಿದುಳಿಗೇ ಅಂಟಿಕೊಂಡದ್ದು. ನಡುವಣ ಪೊರೆಯ ಕೋಶಗಳಿಂದ ಈ ಗೆಡ್ಡೆ ಹುಟ್ಟುತ್ತದೆ. ಇದು ಸಾಮಾನ್ಯವಾಗಿ ಮಿದುಳಿನೊಳಕ್ಕೆ ಬೇರು ಬಿಡುವುದಿಲ್ಲ. ಹೊರಗಿನಿಂದ ಮೆಲ್ಲಮೆಲ್ಲನೆ ಒತ್ತುತ್ತದೆ. ಬಹುಪಾಲು ಕ್ಯಾನ್ಸರಲ್ಲ, ಗಂಡಸರಿಗಿಂತ ಹೆಂಗಸರಲ್ಲಿ ಹೆಚ್ಚು. ಬೆಳೆಯುವುದು ನಿಧಾನವಾದ್ದರಿಂದಲೇ ವರ್ಷಗಟ್ಟಲೆ ಯಾರ ಕಣ್ಣಿಗೂ ಬೀಳುವುದಿಲ್ಲ.

ಕುಶಿಂಗನು 1869ನೆಯ ಇಸವಿ ಏಪ್ರಿಲ್ 8ರಂದು ಅಮೆರಿಕದ ಕ್ಲೀವ್‌ಲೆಂಡ್ ನಗರದಲ್ಲಿ, ಹತ್ತು ಮಕ್ಕಳಲ್ಲಿ ಕಿರಿಯವನಾಗಿ ಜನಿಸಿದನು. ತಂದೆ, ಅಜ್ಜ, ಮುತ್ತಜ್ಜ ಎಲ್ಲರೂ ವೈದ್ಯರೇ. ಯೇಲ್‌ನಲ್ಲಿ ಪದವಿ ಪಡೆದು ಹಾರ್ವರ್ಡ್‌ನಲ್ಲಿ ವೈದ್ಯಶಾಸ್ತ್ರ ಓದಿದನು. ವಿದ್ಯಾರ್ಥಿಯಾಗಿದ್ದಾಗ ಈಥರ್ ಎಂಬ ಅರಿವಳಿಕೆ ಕೊಡುವ ಕೆಲಸ ಅವನ ಪಾಲಿಗೆ ಬಂತು. ಅವನ ಕೈಕೆಳಗೆ ರೋಗಿಯೊಬ್ಬನು ಸತ್ತನು. ಆ ಪೆಟ್ಟು ಅವನನ್ನು ಬಹಳ ಕಾಡಿತು. ಓದನ್ನೇ ಬಿಟ್ಟು ಹೋಗಬೇಕೆನಿಸಿದರೂ ಹೋಗದೆ, ಗೆಳೆಯ ಕಾಡ್‌ಮನ್‌ನೊಡನೆ ಸೇರಿ, ಶಸ್ತ್ರಕ್ರಿಯೆ ನಡೆಯುವಾಗ ರೋಗಿಯ ನಾಡಿಯನ್ನೂ ಉಸಿರನ್ನೂ ಆಗಾಗ ಗುರುತು ಹಾಕುವ ಪಟ್ಟಿಯನ್ನು ರೂಢಿಗೆ ತಂದನು. ಮುಂದೆ 1901ರಲ್ಲಿ ಇಟಲಿಯಲ್ಲಿ ರೀವ ರೋಚ್ಚಿಯ ರಕ್ತದೊತ್ತಡದ ಉಪಕರಣವನ್ನು ಕಂಡು ತನ್ನ ದೇಶಕ್ಕೆ ತಂದವನೂ ಇವನೇ. ಇಂದು ಪ್ರತಿಯೊಂದು ಆಸ್ಪತ್ರೆಯಲ್ಲೂ ತೋಳಿಗೆ ಪಟ್ಟಿ ಸುತ್ತುವಾಗ ಈ ಕಥೆ ಯಾರಿಗೂ ನೆನಪಾಗುವುದಿಲ್ಲ.

ಅಂದಿನ ದಿನಗಳಲ್ಲಿ ತಲೆಬುರುಡೆಯನ್ನು ತೆರೆಯುವುದೆಂದರೆ ರೋಗಿಯ ಆಸೆ ಬಿಟ್ಟಂತೆಯೇ. ಬಾಲ್ಟಿಮೋರಿನಲ್ಲಿ ಹಾಲ್‌ಸ್ಟೆಡ್ ಎಂಬ ಗುರುವಿನ ಬಳಿ ಆತುರಪಡದೆ, ರಕ್ತ ಚೆಲ್ಲದೆ, ಅಂಗಾಂಶಗಳನ್ನು ನೋಯಿಸದೆ ಕೆಲಸ ಮಾಡುವುದನ್ನು ಕಲಿತ ಕುಶಿಂಗನು, ಇಡೀ ಬಾಳನ್ನು ಮಿದುಳಿಗೇ ಮುಡಿಪಿಟ್ಟನು.

1910ರಲ್ಲಿ ಅವನ ಬಳಿಗೆ ಬಂದವನು ಸೇನಾಧಿಕಾರಿ ಲಿಯೊನಾರ್ಡ್ ವುಡ್. ಕೆಲವು ವರ್ಷಗಳ ಹಿಂದೆ ಕ್ಯೂಬಾದಲ್ಲಿ ಅವನ ತಲೆಗೆ ತೂಗುದೀಪ ಬಡಿದಿತ್ತಂತೆ. ಆಮೇಲೆ ನೆತ್ತಿಯ ಮೇಲೆ ಉಬ್ಬು, ಎಡಗಾಲಿನಲ್ಲಿ ಸೆಳವು. (ಇದನ್ನು ಓದಿದಾಗ ನನಗೆ ದೊಡ್ಡಮ್ಮನ ಕಾಲು ನೆನಪಾಗದೆ ಹೋಗಲಿಲ್ಲ.) ಬಾಸ್ಟನ್ನಿನಲ್ಲಿ ಮೂಳೆಯ ಉಬ್ಬನ್ನು ತೆಗೆದಿದ್ದರೂ ಬೇನೆ ನಿಂತಿರಲಿಲ್ಲ. ಕುಶಿಂಗನು ದಿನಗಳ ಅಂತರವಿಟ್ಟು ಎರಡು ಹಂತಗಳಲ್ಲಿ ತಲೆ ತೆರೆದು ಒಳಗಿನ ಗೆಡ್ಡೆಯನ್ನು ತೆಗೆದನು. ವುಡ್ ಬದುಕಿದನು, ಬದುಕಿದ್ದಷ್ಟೇ ಅಲ್ಲ, ಅದೇ ವರ್ಷ ಅಮೆರಿಕದ ಸೇನೆಯ ಮುಖ್ಯಸ್ಥನಾದನು, 1920ರಲ್ಲಿ ರಾಷ್ಟ್ರಾಧ್ಯಕ್ಷತೆಯ ಉಮೇದುವಾರಿಕೆಗೆ ಸ್ಪರ್ಧಿಸಿದನು, ಬಳಿಕ ಫಿಲಿಪೈನ್ಸಿನ ಗವರ್ನರ್ ಜನರಲ್ ಆದನು. ಆದರೆ ಗೆಡ್ಡೆ ಮತ್ತೆ ಬೆಳೆಯಿತು. 1927ರ ಆಗಸ್ಟ್‌ನಲ್ಲಿ ಕುಶಿಂಗನು ಮತ್ತೊಮ್ಮೆ ಕತ್ತಿ ಹಿಡಿದನು. ಈ ಸಲ ಕೆಲವೇ ಗಂಟೆಗಳಲ್ಲಿ ವುಡ್ ತೀರಿಕೊಂಡನು. ಗೆದ್ದ ರೋಗಿಯನ್ನು ಹದಿನೇಳು ವರ್ಷಗಳ ಮೇಲೆ ಅದೇ ಕೈಯಿಂದ ಕಳೆದುಕೊಳ್ಳುವುದು ಎಂಥ ದುಃಖವೆಂಬುದನ್ನು ಊಹಿಸಬಹುದು.

ಈ ಬಗೆಯ ಗೆಡ್ಡೆಗಳಿಗೆ ಆವರೆಗೆ ಬಗೆಬಗೆಯ ಹೆಸರುಗಳಿದ್ದವು. ಒಳಗೆ ಮರಳಿನ ಕಾಳಿನಂಥ ಕಣಗಳಿರುವುದನ್ನು ಕಂಡು ಮರಳುಗೆಡ್ಡೆ ಎಂಬರ್ಥದ ಹೆಸರಿಟ್ಟವರೂ ಉಂಟು. 1922ರಲ್ಲಿ ಕುಶಿಂಗನು ಇವೆಲ್ಲಕ್ಕೂ ಮೆನಿಂಜಿಯೋಮ ಎಂಬ ಒಂದೇ ಹೆಸರನ್ನು ಸೂಚಿಸಿದನು. ಪೊರೆಯ ಗೆಡ್ಡೆ ಎಂದಷ್ಟೇ ಅದರ ಅರ್ಥ. 1926ರಲ್ಲಿ ಬೋವಿ ಎಂಬ ಭೌತವಿಜ್ಞಾನಿಯ ನೆರವಿನಿಂದ ವಿದ್ಯುತ್ತಿನಿಂದ ರಕ್ತಸ್ರಾವ ತಡೆಯುವ ಉಪಕರಣವನ್ನು ಬಳಸತೊಡಗಿದನು. ಹಿಂದೆ ಕೈಬಿಟ್ಟಿದ್ದ ಗೆಡ್ಡೆಗಳನ್ನೂ ಮುಟ್ಟಲು ಧೈರ್ಯ ಬಂತು. ಅದೇ ವರ್ಷ ಅವನ ಹಿರಿಯ ಮಗ ಮೋಟಾರು ಅಪಘಾತದಲ್ಲಿ ಮಡಿದನು. ಸುದ್ದಿ ಬಂದ ದಿನವೂ ಅವನು ನಿಗದಿಯಾಗಿದ್ದ ಶಸ್ತ್ರಕ್ರಿಯೆಯನ್ನು ಮುಗಿಸಿಯೇ ಹೊರಬಂದನಂತೆ. ಇದನ್ನು ಕರ್ತವ್ಯನಿಷ್ಠೆ ಎನ್ನಬೇಕೋ ಕಲ್ಲೆದೆ ಎನ್ನಬೇಕೋ ನನಗೆ ತಿಳಿಯದು. ಸಹಾಯಕರೊಡನೆ ಅವನು ಬಲು ಬಿರುಸಾಗಿ ನಡೆದುಕೊಳ್ಳುತ್ತಿದ್ದನೆಂಬುದೂ ಸತ್ಯ.

ಕುಶಿಂಗನ ಹೆಸರಿನೊಡನೆ ಲೂಯಿಸ್ ಐಸೆನ್‌ಹಾರ್ಟ್ ಎಂಬಾಕೆಯ ಹೆಸರು ಬಾರದಿದ್ದರೆ ಅನ್ಯಾಯ. 1915ರಲ್ಲಿ ಬರವಣಿಗೆಯ ಸಹಾಯಕಿಯಾಗಿ ಸೇರಿದ ಆಕೆ, ಮುಂದೆ ತಾನೇ ವೈದ್ಯಪದವಿ ಪಡೆದು ಗೆಡ್ಡೆಗಳ ಪರೀಕ್ಷಕಿಯಾದಳು. ಪ್ರತಿಯೊಬ್ಬ ರೋಗಿಯ ಹೆಸರನ್ನೂ, ಗೆಡ್ಡೆಯ ಜಾತಿಯನ್ನೂ, ಬದುಕಿದರೋ ಸತ್ತರೋ ಎಂಬುದನ್ನೂ ಒಂದು ಚಿಕ್ಕ ಕಪ್ಪು ಪುಸ್ತಕದಲ್ಲಿ ಬರೆದಿಟ್ಟಳು. ಸೋಲುಗಳೂ ಅದರಲ್ಲಿದ್ದವು. ಮನೆಗೆ ಮರಳಿದವರು ಶಸ್ತ್ರಕ್ರಿಯೆಯಾದ ದಿನದಂದು ವರ್ಷವರ್ಷವೂ ಕಾಗದ ಬರೆಯಬೇಕೆಂದು ಕುಶಿಂಗನು ಕೇಳಿಕೊಳ್ಳುತ್ತಿದ್ದನು. ಇವೆಲ್ಲದರಿಂದ 1938ರಲ್ಲಿ ಇಬ್ಬರ ಹೆಸರಿನಲ್ಲೂ, 313 ರೋಗಿಗಳ ವೃತ್ತಾಂತವುಳ್ಳ ಮೆನಿಂಜಿಯೋಮಗಳ ಮಹಾಗ್ರಂಥ ಹೊರಬಂತು. ಅಷ್ಟರಲ್ಲಿ ಕುಶಿಂಗನು 2000ಕ್ಕೂ ಹೆಚ್ಚು ಮಿದುಳುಗೆಡ್ಡೆಗಳ ಶಸ್ತ್ರಕ್ರಿಯೆ ಮುಗಿಸಿದ್ದನು. ಅವನ ಕೈಯಲ್ಲಿ ಸಾವಿನ ಪ್ರಮಾಣ ನೂರಕ್ಕೆ ಹತ್ತಕ್ಕಿಂತ ಕೆಳಗಿಳಿದಿತ್ತು. ಈ ನಡುವೆ ತನ್ನ ಹಿರಿಯ ಮಿತ್ರ ಆಸ್ಲರನ ಜೀವನಚರಿತ್ರೆಯನ್ನು ಬರೆದು 1926ರ ಪುಲಿಟ್ಜರ್ ಬಹುಮಾನವನ್ನೂ ಪಡೆದಿದ್ದನು.

1939ರ ಅಕ್ಟೋಬರ್ 7ರಂದು ಹೃದಯಾಘಾತದಿಂದ ಕುಶಿಂಗನು ನಿಧನನಾದನು. ಶವಪರೀಕ್ಷೆಯಲ್ಲಿ ಅವನ ಮಿದುಳಿನೊಳಗೂ ಒಂದು ಸಣ್ಣ ಗಂಟು ಕಂಡಿತು. ಅದು ಅವನಿಗೆ ತೊಂದರೆ ಕೊಟ್ಟಿರಲಿಲ್ಲ.

ನಮ್ಮ ನಾಡಿನಲ್ಲಿ 1974ರಲ್ಲಿ ಬೆಂಗಳೂರಿನ ನಿಮ್ಹಾನ್ಸ್ ರೂಪುಗೊಂಡಾಗ ಅದರ ಮೊದಲ ನಿರ್ದೇಶಕರಾದ ಡಾ. ಆರ್. ಎಂ. ವರ್ಮ ಅವರೂ ಮಿದುಳಿನ ಶಸ್ತ್ರವೈದ್ಯರೇ. ದೊಡ್ಡಮ್ಮನವರ ಗೆಡ್ಡೆಯನ್ನೂ ಬೆಂಗಳೂರಿನಲ್ಲಿಯೇ ತೆಗೆದರು. ಕಾಲಿಗೆ ಮುಕ್ಕಾಲು ಪಾಲು ಬಲ ಬಂದಿದೆ. ಹಾಲು ಈಗಲೂ ಒಮ್ಮೊಮ್ಮೆ ಉಕ್ಕುತ್ತದೆ. ಗೆಡ್ಡೆ ಮರಳುವುದುಂಟಾದ್ದರಿಂದ ವರ್ಷಕ್ಕೊಮ್ಮೆ ತಲೆಯ ಚಿತ್ರ ತೆಗೆಸಬೇಕು. ಈ ಸಲದ ಸರದಿ ದಸರಾ ಮುಗಿದ ಮೇಲೆ. ಜೊತೆಗೆ ಹೋಗುವವನು ನಾನು.