ಮನೆಯ ನಿಧಿಯನ್ನು ಊರಿಗೆಲ್ಲ ಹಂಚಿದ ಸುಬ್ಬರಾಮ ದೀಕ್ಷಿತರು

ದಾಸರ ಪದಗಳ ಬಗ್ಗೆ ಬರೆಯೋ ಜಾಗದಲ್ಲಿ ಇವತ್ತು ತಮಿಳುನಾಡಿನ ಎಟ್ಟಯಪುರದ ಸುಬ್ಬರಾಮ ದೀಕ್ಷಿತರ ವಿಷಯ ಯಾಕೆ ಅಂತ ನೀವು ಕೇಳಬಹುದು. ನಮ್ಮ ಪುರಂದರದಾಸರ ಸೂಳಾದಿಗಳನ್ನು ಸ್ವರ, ತಾಳ ಸಮೇತ ಅಚ್ಚಿನಲ್ಲಿ ಕೊಟ್ಟ ಮಹನೀಯರು ಇವರು. ದಾಸಸಾಹಿತ್ಯದ ಅಭಿಮಾನಿಗಳು ಅವರನ್ನು ನೆನೆಯೋದಕ್ಕೆ ಇಷ್ಟು ಸಾಲದೇ?

ಸುಬ್ಬರಾಮ ದೀಕ್ಷಿತರು ಹುಟ್ಟಿದ್ದು 1839ರಲ್ಲಿ, ತಿರುವಾರೂರಿನಲ್ಲಿ. ಮುತ್ತುಸ್ವಾಮಿ ದೀಕ್ಷಿತರು ಕಾಲವಾಗಿ ಆಗಲೇ ನಾಲ್ಕು ವರ್ಷವಾಗಿತ್ತು. ಅಂದರೆ ಆ ಮಹಾನುಭಾವರ ಕೃತಿಗಳ ಬಗ್ಗೆ ಇವತ್ತಿಗೂ ನಾವು ಯಾರ ಮಾತನ್ನು ಪ್ರಮಾಣ ಅಂತ ತೊಗೋತೀವೋ, ಅವರು ಆ ವಾಗ್ಗೇಯಕಾರರನ್ನು ಕಣ್ಣಾರೆ ಕಂಡವರೇ ಅಲ್ಲ! ಎಲ್ಲವೂ ಬಂದದ್ದು ಮನೆಯವರ ಬಾಯಿಂದ ಕಿವಿಗೆ.

ಮುತ್ತುಸ್ವಾಮಿ ದೀಕ್ಷಿತರ ತಮ್ಮ ಬಾಲುಸ್ವಾಮಿ ದೀಕ್ಷಿತರು. ಪಿಟೀಲನ್ನು ನಮ್ಮ ಸಂಗೀತಕ್ಕೆ ಒಗ್ಗಿಸಿದ ಮೊದಲಿಗರಲ್ಲಿ ಒಬ್ಬರು, ಎಟ್ಟಯಪುರದ ಆಸ್ಥಾನ ವಿದ್ವಾಂಸರು. ಅವರಿಗೆ ಗಂಡು ಮಕ್ಕಳಿರಲಿಲ್ಲ. ಮಗಳ ಮಗನನ್ನೇ ಎಳೆಯ ವಯಸ್ಸಿನಲ್ಲಿ ದತ್ತು ತೊಗೊಂಡು ಎಟ್ಟಯಪುರಕ್ಕೆ ಕರೆತಂದರು. ಆ ಹುಡುಗನೇ ಸುಬ್ಬರಾಮ. ತಾತನೇ ತಂದೆ, ತಂದೆಯೇ ಗುರು. ವೀಣೆ, ಹಾಡುಗಾರಿಕೆ, ಲಕ್ಷಣಶಾಸ್ತ್ರ, ಜೊತೆಗೆ ಸಂಸ್ಕೃತ, ತೆಲುಗು. ಹದಿಹರೆಯದಲ್ಲೇ ರಚನೆ ಮಾಡೋಕೆ ಶುರು ಮಾಡಿದರು. ಇಷ್ಟು ಚೆನ್ನಾಗಿರೋದು ಹುಡುಗನದ್ದೋ, ಅಪ್ಪನದ್ದೋ ಅಂತ ರಾಜರಿಗೆ ಅನುಮಾನ ಬಂದು, ಬೇರೊಂದು ರಾಗ ಕೊಟ್ಟು ಪರೀಕ್ಷೆ ಮಾಡಿದರು ಅಂತ ಹೇಳ್ತಾರೆ. ಹುಡುಗ ಗೆದ್ದ. ಬಾಲುಸ್ವಾಮಿಗಳ ನಂತರ ಆಸ್ಥಾನದ ಸ್ಥಾನ ಇವರಿಗೇ ಬಂತು.

ಆ ಮನೆಯಲ್ಲಿ ಎಂಥ ಗಂಟಿತ್ತು ಅಂತ ಸ್ವಲ್ಪ ಯೋಚನೆ ಮಾಡಿ. ಮುತ್ತುಸ್ವಾಮಿ ದೀಕ್ಷಿತರ ಕೃತಿಗಳು ಒಂದು ಕಡೆ. ಅವರ ತಂದೆ ರಾಮಸ್ವಾಮಿ ದೀಕ್ಷಿತರ ಹಾದಿಯಾಗಿ ಬಂದ ವೆಂಕಟಮಖಿಯ ಸಂಪ್ರದಾಯ ಇನ್ನೊಂದು ಕಡೆ. ಈ ವೆಂಕಟಮಖಿಯೇ 72 ಮೇಳಗಳ ಲೆಕ್ಕವನ್ನು ಚತುರ್ದಂಡೀಪ್ರಕಾಶಿಕೆಯಲ್ಲಿ ಕೊಟ್ಟವರು. ಅವರ ತಂದೆ ಗೋವಿಂದ ದೀಕ್ಷಿತರು ತಂಜಾವೂರಿನ ನಾಯಕ ಅರಸರ ಮಂತ್ರಿಗಳು, ಮೂಲದಲ್ಲಿ ನಮ್ಮ ಕನ್ನಡದ ಮನೆತನದವರು. ನೋಡಿ, ಎಲ್ಲಿಂದೆಲ್ಲಿಗೆ ನಂಟು!

ಆಗ ಮದರಾಸಿನಲ್ಲಿ ಚಿನ್ನಸ್ವಾಮಿ ಮುದಲಿಯಾರ್ ಅಂತ ಒಬ್ಬ ಸರ್ಕಾರಿ ಅಧಿಕಾರಿ ಇದ್ದರು. ನಮ್ಮ ಕೃತಿಗಳು ಬರೀ ಬಾಯಲ್ಲಿದ್ದರೆ ಅಳಿದು ಹೋಗುತ್ತವೆ ಅನ್ನೋದು ಅವರ ಚಿಂತೆ. 1890ರ ದಶಕದಲ್ಲೇ ಕೈಯಿಂದ ದುಡ್ಡು ಹಾಕಿ, ಪಾಶ್ಚಾತ್ಯ ಸ್ವರಲಿಪಿಯಲ್ಲಿ ಕೃತಿಗಳನ್ನು ಅಚ್ಚು ಹಾಕಿಸ್ತಿದ್ದರು. ಮುತ್ತುಸ್ವಾಮಿ ದೀಕ್ಷಿತರ ಕೃತಿಗಳಿಗಾಗಿ ಸುಬ್ಬರಾಮ ದೀಕ್ಷಿತರ ಹಿಂದೆ ಬಿದ್ದರು. ದೀಕ್ಷಿತರು ಮೊದಮೊದಲು ಹಿಂದೇಟು ಹಾಕಿದರು.

ಅದನ್ನು ಜಿಪುಣತನ ಅಂತ ನಾನಂತೂ ಹೇಳಲಾರೆ. ಒಬ್ಬ ಶಿಷ್ಯನಿಗೆ ಒಂದು ಕೃತಿ ಕೊಡಬೇಕಾದರೆ ಗುರು ಅವನ ಕಂಠ, ಶ್ರದ್ಧೆ, ತಾಳ್ಮೆ ಎಲ್ಲ ನೋಡಿ ಕೊಡ್ತಾನೆ. ಪುಸ್ತಕಕ್ಕೆ ಆ ವಿವೇಚನೆ ಇಲ್ಲ, ಕಾಸು ಕೊಟ್ಟವರ ಕೈಗೆಲ್ಲ ಹೋಗುತ್ತೆ. ಮೇಲಾಗಿ ನಮ್ಮ ಸಂಗೀತದ ಜೀವ ಇರೋದೇ ಸ್ವರಗಳ ನಡುವೆ. ಗಾಂಧಾರ ಅಂತ ಬರೆದುಬಿಡಬಹುದು. ಅದು ತೋಡಿಯಲ್ಲಿ ಹೇಗೆ ಓಲಾಡಬೇಕು ಅನ್ನೋದನ್ನು ಕಾಗದದ ಮೇಲೆ ಹೇಗೆ ಬರೆಯೋದು?

ಮುದಲಿಯಾರರು ಸುಮ್ಮನಿರಲಿಲ್ಲ. ದೃಷ್ಟಿ ಮಂದವಾಗ್ತಿದ್ದರೂ 1899ರಲ್ಲಿ ಎಟ್ಟಯಪುರಕ್ಕೇ ಹೋಗಿ ರಾಜರ ಹತ್ತಿರ ಬೇಡಿಕೊಂಡರು. ರಾಜರು ಖರ್ಚು ತಾವೇ ವಹಿಸಲು ಒಪ್ಪಿ, ದೀಕ್ಷಿತರಿಗೆ ಬರೆಯಲು ಹೇಳಿದರು. ಅರವತ್ತರ ವಯಸ್ಸಿನಲ್ಲಿ ಅವರು ಈ ಕೆಲಸಕ್ಕೆ ಕೂತರು.

ಒಪ್ಪಿದ ಮೇಲೆ ಅವರು ಅರ್ಧಂಬರ್ಧ ಮಾಡಲಿಲ್ಲ. 1904ರಲ್ಲಿ ಎಟ್ಟಯಪುರದ ವಿದ್ಯಾವಿಲಾಸಿನಿ ಮುದ್ರಣಾಲಯದಿಂದ ತೆಲುಗು ಲಿಪಿಯಲ್ಲಿ ಸಂಗೀತ ಸಂಪ್ರದಾಯ ಪ್ರದರ್ಶಿನಿ ಹೊರಬಂತು. ಹೆಚ್ಚು ಕಡಿಮೆ 1700 ಪುಟ. ಮುತ್ತುಸ್ವಾಮಿ ದೀಕ್ಷಿತರ ಕೃತಿಗಳೇ 229. ಜೊತೆಗೆ ಗೀತ, ತಾನ, ಪ್ರಬಂಧ, ವರ್ಣ, ವಾಗ್ಗೇಯಕಾರರ ಚರಿತ್ರೆ, ಮತ್ತು ಮೊದಲೇ ಹೇಳಿದ ಹಾಗೆ ಪುರಂದರದಾಸರ ಸೂಳಾದಿಗಳು. ಸ್ವರಗಳ ನಡುವಿನ ಜೀವವನ್ನು ಹಿಡಿಯೋಕೆ ಅಂತಲೇ ಕಂಪಿತ, ಸ್ಫುರಿತ, ನೊಕ್ಕು, ರವೆ, ಒಡುಕ್ಕಲ್, ಏರು ಜಾರು, ಇಳಿ ಜಾರು ಹೀಗೆ ಒಂದೊಂದು ಗಮಕಕ್ಕೂ ಒಂದೊಂದು ಗುರುತು. ವೀಣೆ ನುಡಿಸುವವರ ಬೆರಳು ಏನು ಮಾಡುತ್ತೆ ಅನ್ನೋದನ್ನು ಅಚ್ಚುಮೊಳೆಗೆ ಇಳಿಸಿದ ಸಾಹಸ ಅದು. ಮರುವರ್ಷವೇ ಹೊಸದಾಗಿ ಕಲಿಯೋ ಮಕ್ಕಳಿಗೆ ಪ್ರಥಮಾಭ್ಯಾಸ ಪುಸ್ತಕವನ್ನೂ ಕೊಟ್ಟರು. 1906ರಲ್ಲಿ ತೀರಿಕೊಂಡರು. ಇನ್ನೆರಡು ವರ್ಷ ಹಿಂದೇಟು ಹಾಕಿದ್ದಿದ್ದರೆ ಏನಾಗ್ತಿತ್ತು ಅಂತ ನೆನೆಸಿಕೊಂಡರೇ ಎದೆ ಝಲ್ಲೆನ್ನುತ್ತೆ.

ಪುಸ್ತಕ ಬಂತು ಅಂತ ಬಾಯಿಪಾಠ ನಿಲ್ಲಲಿಲ್ಲ ಅನ್ನೋದೂ ಮುಖ್ಯ. ಅವರ ಮಗ ಅಂಬಿ ದೀಕ್ಷಿತರು ಮದರಾಸಿಗೆ ಬಂದು ಟಿ. ಎಲ್. ವೆಂಕಟರಾಮ ಅಯ್ಯರ್, ಡಿ. ಕೆ. ಪಟ್ಟಮ್ಮಾಳ್ ಅವರಂಥವರಿಗೆ ಎದುರಿಗೆ ಕೂರಿಸಿಕೊಂಡೇ ಹೇಳಿಕೊಟ್ಟರು. 1961ರಿಂದ ಮದರಾಸಿನ ಮ್ಯೂಸಿಕ್ ಅಕಾಡೆಮಿ ಆ ಗ್ರಂಥವನ್ನು ತಮಿಳು ಲಿಪಿಯಲ್ಲಿ ತಂದಿತು. ಹಾಡುವವರ ನೆನಪು ಎಲ್ಲಿ ತಪ್ಪಿತೋ ಅಲ್ಲಿ ಪುಸ್ತಕ ತಿದ್ದುತ್ತೆ. ಪುಸ್ತಕ ಎಲ್ಲಿ ಮೂಕವಾಗುತ್ತೋ ಅಲ್ಲಿ ಗುರುವಿನ ಕಂಠ ಮಾತಾಡುತ್ತೆ. ಎರಡೂ ಬೇಕು.

ಇಲ್ಲಿ ನಮ್ಮ ದಾಸರ ಪದಗಳ ಗತಿ ನೆನೆದರೆ ಸಂಕಟವಾಗುತ್ತೆ. ಪುರಂದರದಾಸರಿಂದ ಬಂದದ್ದು ಅಂತ ನಾವು ನಂಬಿರೋ ಸರಳೆ, ಜಂಟಿ, ಅಲಂಕಾರ, ಮಲಹರಿಯ ಪಿಳ್ಳಾರಿ ಗೀತೆಗಳು ಉಳಿದವು. ಯಾಕಂದರೆ ಪ್ರತಿಯೊಂದು ಮಗುವೂ ಅವನ್ನು ಹಾಡ್ತು. ಆದರೆ ಸಾವಿರಾರು ಪದಗಳು, ಸೂಳಾದಿಗಳು ಓಲೆಗರಿಯಲ್ಲಿ ಸಾಹಿತ್ಯವಾಗಿ ಮಾತ್ರ ಉಳಿದವು. ಮೇಲೆ ರಾಗದ ಹೆಸರು, ತಾಳದ ಹೆಸರು, ಅಷ್ಟೇ. ಹಳೇ ಧಾಟಿ ಹಾಡುವವರ ಜೊತೆಗೇ ಹೊರಟುಹೋಯಿತು. ಇವತ್ತು ನಾವು ಹಾಡೋ ಎಷ್ಟೋ ದೇವರನಾಮಗಳಿಗೆ ಆಮೇಲಿನ ವಿದ್ವಾಂಸರು ರಾಗ ಹಾಕಿದ್ದಾರೆ. ಅವರಿಗೆ ನಾವು ಋಣಿಗಳೇ. ಆದರೂ ನಮ್ಮ ದಾಸರಿಗೂ ಸಕಾಲಕ್ಕೆ ಒಬ್ಬ ಸುಬ್ಬರಾಮ ದೀಕ್ಷಿತರು ಸಿಕ್ಕಿದ್ದರೆ ಅನ್ನಿಸದೆ ಇರಲ್ಲ.

ಪರದೇಶದಲ್ಲಿರೋ ನಮಗೆ ಇದು ಇನ್ನೂ ಹತ್ತಿರದ ವಿಷಯ. ನಿಮ್ಮ ಅಜ್ಜಿಯೋ ಸೋದರತ್ತೆಯೋ ಹಸೆಗೆ, ಆರತಿಗೆ, ಏಕಾದಶಿಗೆ ಹಾಡ್ತಿದ್ದ ಪದ ಯಾವ ಪುಸ್ತಕದಲ್ಲೂ ಇಲ್ಲದೆ ಇರಬಹುದು. ಈ ಸಲ ಊರಿಗೆ ಫೋನ್ ಮಾಡಿದಾಗ ಹಾಡಿಸಿ, ರೆಕಾರ್ಡ್ ಮಾಡಿಕೊಳ್ಳಿ, ಬರೆದಿಡಿ. ಆಮೇಲೆ ಮಕ್ಕಳನ್ನು ಪಕ್ಕದಲ್ಲಿ ಕೂರಿಸಿಕೊಂಡು ಹೇಳಿಕೊಡಿ. ದೀಕ್ಷಿತರಿಗೆ ಅದಕ್ಕಿಂತ ಒಳ್ಳೆಯ ನಮಸ್ಕಾರ ಬೇರೆ ಇಲ್ಲ.

ಶ್ರೀಕೃಷ್ಣಾರ್ಪಣಮಸ್ತು.